ಪಂಪ್ ಬಾಟಲಿಯನ್ನು ತೆರೆಯುವ ಬಗೆ, ಅದು ಕೈಕೊಟ್ಟಾಗ ಸರಿಪಡಿಸುವ ಬಗೆ

ತಲೆಯನ್ನು ನೆನೆಸಿಕೊಂಡು ನಿಂತ ಮೇಲೆ ಹೊಸ ಶಾಂಪೂ ಬಾಟಲಿಯ ಪಂಪು ತೆರೆದುಕೊಳ್ಳದೆ ಹೋದರೆ ಆಗುವ ಕಿರಿಕಿರಿ ಸಣ್ಣದೇನಲ್ಲ. ಕೈ ಒದ್ದೆಯಾಗಿರುತ್ತದೆ, ಬಾಟಲಿ ಜಾರುತ್ತದೆ, ಪ್ಲಾಸ್ಟಿಕ್ಕಿನ ಮೇಲೆ ಅದೇ ಬಣ್ಣದಲ್ಲಿ ಉಬ್ಬಿಸಿರುವ ಬಾಣದ ಗುರುತು ಕಣ್ಣಿಗೆ ಬೀಳುವುದೇ ಇಲ್ಲ. ಅಂಥ ಹೊತ್ತಿನಲ್ಲಿ ಹೆಚ್ಚಿನವರು ಇನ್ನಷ್ಟು ಬಲ ಹಾಕಿ ತಿರುಗಿಸುತ್ತಾರೆ. ನಾನೂ ಒಮ್ಮೆ ಹಾಗೆಯೇ ಮಾಡಿ, ತುಂಬಿದ ಕಂಡಿಷನರ್ ಬಾಟಲಿಯ ಪಂಪಿನ ಮೂತಿಯನ್ನು ಬುಡದಿಂದಲೇ ಮುರಿದುಕೊಂಡೆ. ಮುರಿದ ಪಂಪನ್ನು ಬಿಚ್ಚಿ ನೋಡಿದಾಗ ತಿಳಿದ ಸಂಗತಿಯೆಂದರೆ, ಅದಕ್ಕೆ ಬೇಕಾಗಿದ್ದದ್ದು ಬಲವಲ್ಲ, ಇನ್ನೊಂದು ಕೈಯ ಹಿಡಿತ. ಪಂಪ್ ಬಾಟಲಿಯ ಬಹುಪಾಲು ತೊಂದರೆಗಳು ಇದೇ ಬಗೆಯವು. ಯಾವ ಭಾಗ ತಿರುಗಬೇಕು, ಯಾವ ಭಾಗ ಅಲುಗದೆ ನಿಲ್ಲಬೇಕು ಎಂಬುದು ಗೊತ್ತಾದರೆ ಅರ್ಧ ಕೆಲಸ ಮುಗಿದಂತೆ.

ಪಂಪಿನ ಒಳಗಿರುವುದೇನು

ಮೇಲಿಂದ ಕೆಳಕ್ಕೆ ನೋಡುತ್ತಾ ಬಂದರೆ ಮೊದಲು ಸಿಗುವುದು ನಾವು ಒತ್ತುವ ತಲೆ ಮತ್ತು ಅದರಿಂದ ಮುಂದಕ್ಕೆ ಚಾಚಿಕೊಂಡಿರುವ ಮೂತಿ. ತಲೆಯ ಕೆಳಗೆ ಟೊಳ್ಳಾದ ಒಂದು ದಂಡವಿದ್ದು, ಒತ್ತಿದಾಗ ಅದು ಒಳಕ್ಕೆ ಇಳಿಯುತ್ತದೆ. ದಂಡದ ಸುತ್ತ, ಬಾಟಲಿಯ ಕತ್ತಿಗೆ ತಿರುಪಿನಿಂದ ಬಿಗಿದಿರುವ ಉಂಗುರದಂಥ ಮುಚ್ಚಳವೇ ಕಾಲರ್. ಕಾಲರಿನ ಕೆಳಗೆ, ಬಾಟಲಿಯ ಒಳಗೆ, ಬೆರಳು ಗಾತ್ರದ ಒಂದು ಸಿಲಿಂಡರ್ ಇರುತ್ತದೆ. ಅದರೊಳಗೆ ಸ್ಪ್ರಿಂಗು, ಪಿಸ್ಟನ್ ಮತ್ತು ತಳದಲ್ಲಿ ಸಾಸಿವೆಗಿಂತ ತುಸು ದೊಡ್ಡದಾದ ಒಂದು ಗುಂಡು ಇರುತ್ತವೆ. ಗುಂಡು ಉಕ್ಕಿನದೋ ಗಾಜಿನದೋ ಆಗಿರುವುದು ವಾಡಿಕೆ. ಸಿಲಿಂಡರಿನ ತಳದಿಂದ ಬಾಟಲಿಯ ತಳದವರೆಗೆ ಇಳಿಬಿದ್ದಿರುವುದು ಉದ್ದನೆಯ ಕೊಳವೆ. ಖಾಲಿಯಾದ ಪಂಪನ್ನು ತೊಳೆದು ಕಿವಿಯ ಹತ್ತಿರ ಹಿಡಿದು ಅಲುಗಾಡಿಸಿದರೆ ಟಿಕ್ ಟಿಕ್ ಎಂಬ ಸದ್ದು ಕೇಳಿಸುತ್ತದೆ; ಅದು ಆ ಗುಂಡಿನ ಸದ್ದು.

ಈ ಗುಂಡಿನ ಕೆಲಸವನ್ನು ಅರಿತರೆ ಮುಂದಿನ ರಿಪೇರಿಗಳೆಲ್ಲ ಸುಲಭವಾಗುತ್ತವೆ. ತಲೆಯನ್ನು ಒತ್ತಿದಾಗ ಗುಂಡು ತಳದ ರಂಧ್ರದ ಮೇಲೆ ಕೂತು ಅದನ್ನು ಮುಚ್ಚುತ್ತದೆ, ಆದ್ದರಿಂದ ಸಿಲಿಂಡರಿನಲ್ಲಿರುವ ದ್ರವಕ್ಕೆ ಮೇಲಕ್ಕೆ, ಮೂತಿಯ ಕಡೆಗೆ ಹೋಗದೆ ಬೇರೆ ದಾರಿಯಿರುವುದಿಲ್ಲ. ಕೈ ತೆಗೆದಾಗ ಸ್ಪ್ರಿಂಗು ಪಿಸ್ಟನ್ನನ್ನು ಮೇಲಕ್ಕೆ ತಳ್ಳುತ್ತದೆ, ಸಿಲಿಂಡರಿನಲ್ಲಿ ಒತ್ತಡ ಇಳಿಯುತ್ತದೆ, ಗುಂಡು ತನ್ನ ಜಾಗದಿಂದ ಮೇಲೆದ್ದು ದಾರಿ ಬಿಡುತ್ತದೆ, ಬಾಟಲಿಯೊಳಗಿನ ಗಾಳಿಯ ಒತ್ತಡವು ದ್ರವವನ್ನು ಕೊಳವೆಯ ಮೂಲಕ ಮೇಲಕ್ಕೆ ದೂಡುತ್ತದೆ. ಹೊರಗೆ ಹೋದ ದ್ರವದ ಜಾಗವನ್ನು ತುಂಬಲು ಹೊರಗಿನ ಗಾಳಿಯು ದಂಡದ ಸುತ್ತಲಿನ ಸಣ್ಣ ಸಂದಿಯ ಮೂಲಕ ಬಾಟಲಿಯೊಳಕ್ಕೆ ಬರಬೇಕು. ಗುಂಡು ಅಂಟಿಕೊಂಡರೂ, ಸಂದಿ ಕಟ್ಟಿಕೊಂಡರೂ, ಕೊಳವೆ ಸಡಿಲವಾದರೂ ಪಂಪು ನಿಲ್ಲುತ್ತದೆ.

ತೆರೆಯುವ ಮುನ್ನ ಬೀಗ ಎಲ್ಲಿದೆ ಎಂದು ನೋಡಿ

ಸಾಗಣೆಯಲ್ಲಿ ತಾನಾಗಿ ಒತ್ತಿಕೊಂಡು ಸೋರಬಾರದೆಂದು ಹೆಚ್ಚಿನ ಪಂಪುಗಳಿಗೆ ಒಂದು ಬೀಗ ಇರುತ್ತದೆ. ಬೀಗದ ಬಗೆಗಳು ಮುಖ್ಯವಾಗಿ ಮೂರು, ಅವನ್ನು ನೋಡಿದ ಕೂಡಲೇ ಗುರುತಿಸಬಹುದು. ತಲೆಯು ಕೆಳಕ್ಕೆ ಇಳಿದು ಕಾಲರಿಗೆ ಅಂಟಿಕೊಂಡಂತೆ ಕೂತಿದ್ದರೆ ಅದು ಕೆಳಗೆ ಬೀಗ ಹಾಕಿದ ಪಂಪು. ಶಾಂಪೂ ಮತ್ತು ಕಂಡಿಷನರಿನ ದೊಡ್ಡ ಬಾಟಲಿಗಳಲ್ಲಿ ಸಾಮಾನ್ಯವಾಗಿ ಕಾಣುವುದು ಇದೇ. ತಲೆಯು ಮೇಲೆದ್ದೇ ಇದ್ದು ಒತ್ತಿದರೆ ಇಳಿಯದಿದ್ದರೆ ಅದು ಮೇಲೆ ಬೀಗ ಹಾಕಿದ ಪಂಪು. ತಲೆಗೂ ಕಾಲರಿಗೂ ನಡುವೆ ದಂಡವನ್ನು ಅಪ್ಪಿಕೊಂಡಂತೆ ಅರ್ಧ ಬಳೆಯಾಕಾರದ ಪ್ಲಾಸ್ಟಿಕ್ ತುಂಡೊಂದು ಇದ್ದರೆ ಅದೇ ಬೀಗ; ಅದನ್ನು ಪಕ್ಕಕ್ಕೆ ಎಳೆದು ತೆಗೆದರೆ ಸಾಕು, ತಿರುಗಿಸುವ ಅಗತ್ಯವೇ ಇಲ್ಲ. ಆ ತುಂಡನ್ನು ಎಸೆಯದೆ ಇಟ್ಟುಕೊಳ್ಳಿ, ಪ್ರಯಾಣದ ಹೊತ್ತಿಗೆ ಬೇಕಾಗುತ್ತದೆ. ಕತ್ತಿನ ಸುತ್ತ ಪಾರದರ್ಶಕ ಪ್ಲಾಸ್ಟಿಕ್ ಹಾಳೆ ಬಿಗಿಯಾಗಿ ಸುತ್ತಿಕೊಂಡಿದ್ದರೆ ಮೊದಲು ಅದನ್ನು ಪೂರ್ತಿ ಕಿತ್ತು ತೆಗೆಯಬೇಕು.

ಕೆಳಗೆ ಬೀಗ ಹಾಕಿದ ಪಂಪನ್ನು ತೆರೆಯುವುದರಲ್ಲಿ ಒಂದು ತೊಡಕಿದೆ. ತಲೆಯನ್ನು ಬಿಚ್ಚಲು ಎಡಕ್ಕೆ, ಅಂದರೆ ಗಡಿಯಾರದ ಮುಳ್ಳು ತಿರುಗುವ ದಿಕ್ಕಿಗೆ ವಿರುದ್ಧವಾಗಿ ತಿರುಗಿಸಬೇಕು; ಕಾಲರ್ ಬಿಚ್ಚಿಕೊಳ್ಳುವುದೂ ಅದೇ ದಿಕ್ಕಿಗೆ. ಎರಡರಲ್ಲಿ ಯಾವುದು ಸಡಿಲವೋ ಅದು ಮೊದಲು ಬಿಚ್ಚಿಕೊಳ್ಳುತ್ತದೆ. ಆದ್ದರಿಂದಲೇ ನಾವು ಬಾಟಲಿಯನ್ನು ಹಿಡಿದು ತಲೆಯನ್ನು ತಿರುಗಿಸಿದಾಗ ತಲೆ ಮೇಲೇಳುವ ಬದಲು ಇಡೀ ಪಂಪೇ ಕಳಚಿ ಕೈಗೆ ಬರುತ್ತದೆ. ಇದನ್ನು ತಪ್ಪಿಸಲು ಹೀಗೆ ಮಾಡಿ. ಮೊದಲು ಕೈಯನ್ನೂ ಬಾಟಲಿಯನ್ನೂ ಒಣಬಟ್ಟೆಯಿಂದ ಒರೆಸಿ, ಕಾಲರನ್ನು ಬಲಕ್ಕೆ ತಿರುಗಿಸಿ ಬಿಗಿಮಾಡಿ. ಬಾಟಲಿಯನ್ನು ಮೇಜಿನ ಮೇಲೆ ನಿಲ್ಲಿಸಿ, ಒಂದು ಕೈಯ ಬೆರಳುಗಳಿಂದ ಬಾಟಲಿಯನ್ನಲ್ಲ, ಕಾಲರನ್ನೇ ಗಟ್ಟಿಯಾಗಿ ಹಿಡಿದುಕೊಳ್ಳಿ. ಇನ್ನೊಂದು ಕೈಯಿಂದ ತಲೆಯನ್ನು ತುಸು ಕೆಳಕ್ಕೆ ಅದುಮಿ ಎಡಕ್ಕೆ ತಿರುಗಿಸಿ. ಅರ್ಧ ಸುತ್ತಿನಿಂದ ಒಂದೂವರೆ ಸುತ್ತಿನೊಳಗೆ ತಿರುಪು ಬಿಟ್ಟುಕೊಂಡು ಸ್ಪ್ರಿಂಗಿನ ಬಲದಿಂದ ತಲೆ ತಾನಾಗಿ ಮೇಲಕ್ಕೆ ಚಿಮ್ಮುತ್ತದೆ. ಮೊದಲು ತುಸು ಅದುಮಬೇಕು ಎಂದದ್ದಕ್ಕೆ ಕಾರಣವಿದೆ. ಸ್ಪ್ರಿಂಗು ಒಳಗಿನಿಂದ ಮೇಲಕ್ಕೆ ತಳ್ಳುತ್ತಿರುವುದರಿಂದ ತಿರುಪಿನ ಹಲ್ಲುಗಳು ಒಂದನ್ನೊಂದು ಒತ್ತಿಕೊಂಡು ಬಿಗಿಯಾಗಿರುತ್ತವೆ, ಅದುಮಿದಾಗ ಆ ಬಿಗಿ ಸಡಿಲುತ್ತದೆ.

ಕೈ ಜಾರುತ್ತಿದ್ದರೆ ತಲೆಗೊಂದು, ಕಾಲರಿಗೊಂದು ಅಗಲವಾದ ರಬ್ಬರ್ ಬ್ಯಾಂಡ್ ಸುತ್ತಿ, ಅಥವಾ ಪಾತ್ರೆ ತೊಳೆಯುವ ರಬ್ಬರ್ ಕೈಗವಸು ಹಾಕಿಕೊಳ್ಳಿ. ಬೆರಳ ಕೀಲುಗಳಲ್ಲಿ ನೋವಿರುವವರಿಗೆ, ವಯಸ್ಸಾದವರಿಗೆ ಈ ಒಂದು ಉಪಾಯ ದೊಡ್ಡ ನೆರವಾಗುತ್ತದೆ. ಅವರಿಗಾಗಿ ಹೊಸ ಬಾಟಲಿ ಬಂದ ದಿನವೇ ಯಾರಾದರೂ ಅದನ್ನು ತೆರೆದು, ನಾಲ್ಕು ಸಲ ಒತ್ತಿ, ಸಿದ್ಧಪಡಿಸಿ ಇಡುವುದು ಇನ್ನೂ ಒಳ್ಳೆಯದು. ಮೂತಿಯ ತುದಿಯನ್ನು ಹಿಡಿದು ಸನ್ನೆಯಂತೆ ತಿರುಗಿಸಬೇಡಿ. ಮೂತಿಯ ತುದಿಯಲ್ಲಿ ಹಾಕಿದ ಬಲವೆಲ್ಲ ಅದು ತಲೆಗೆ ಕೂಡುವ ತೆಳುವಾದ ಜಾಗದಲ್ಲಿ ಬಂದು ಸೇರುತ್ತದೆ, ಪಂಪು ಮುರಿಯುವುದು ಅಲ್ಲಿಯೇ. ಹಿಡಿಯಬೇಕಾದದ್ದು ತಲೆಯ ಗಟ್ಟಿಯಾದ ನಡುಭಾಗವನ್ನು.

ಕಾಲರನ್ನು ಎಷ್ಟು ಬಿಗಿಯಾಗಿ ಹಿಡಿದರೂ ತಲೆ ಸುಮ್ಮನೆ ಸುತ್ತುತ್ತಲೇ ಇದ್ದು ಮೇಲೇಳದಿದ್ದರೆ ಒಳಗಿನ ಸಿಲಿಂಡರೂ ತಲೆಯ ಜೊತೆಗೇ ಸುತ್ತುತ್ತಿದೆ ಎಂದು ತಿಳಿಯಿರಿ. ಆಗ ಹೊರಗಿನಿಂದ ಎಷ್ಟು ತಿರುಗಿಸಿದರೂ ಪ್ರಯೋಜನವಿಲ್ಲ. ಕಾಲರನ್ನು ಪೂರ್ತಿ ಬಿಚ್ಚಿ, ಪಂಪನ್ನು ಬಾಟಲಿಯಿಂದ ಮೇಲಕ್ಕೆತ್ತಿ, ಕಾಲರಿನ ಕೆಳಗೆ ಕಾಣುವ ಸಿಲಿಂಡರನ್ನು ಒಣಬಟ್ಟೆಯಲ್ಲಿ ಬಿಗಿಯಾಗಿ ಹಿಡಿದು, ಆಮೇಲೆ ತಲೆಯನ್ನು ಎಡಕ್ಕೆ ತಿರುಗಿಸಿ. ಜಪ್ಪಯ್ಯ ಎಂದರೂ ಬಾರದ ಪಂಪುಗಳಲ್ಲಿ ಹೆಚ್ಚಿನವು ಈ ಹಿಡಿತಕ್ಕೆ ಬಗ್ಗುತ್ತವೆ.

ಮೇಲೆ ಬೀಗ ಹಾಕಿದ ಪಂಪಿನಲ್ಲಿ ತಲೆಯನ್ನು ಕಾಲು ಸುತ್ತು ಎಡಕ್ಕೋ ಬಲಕ್ಕೋ ತಿರುಗಿಸಿದರೆ ಒಂದು ಜಾಗದಲ್ಲಿ ಕಟ್ ಎಂದು ಕೂರುತ್ತದೆ. ದಿಕ್ಕು ಒಂದೊಂದು ಬಾಟಲಿಯಲ್ಲಿ ಒಂದೊಂದು ಬಗೆ. ಕಾಲರಿನ ಮೇಲಿನ ಬಾಣವನ್ನು ಬೆಳಕಿನಲ್ಲಿ ಓರೆಯಾಗಿ ಹಿಡಿದು ನೋಡಿದರೆ ಕಾಣುತ್ತದೆ.

ಮೊದಲ ಕೆಲವು ಒತ್ತುಗಳು

ಪಂಪು ತೆರೆದ ಕೂಡಲೇ ದ್ರವ ಬರುವುದಿಲ್ಲ. ಸಿಲಿಂಡರಿನಲ್ಲೂ ಕೊಳವೆಯಲ್ಲೂ ತುಂಬಿರುವುದು ಗಾಳಿ. ಅದನ್ನು ಹೊರಗೆ ಹಾಕಿದ ಮೇಲೆಯೇ ದ್ರವ ಮೇಲೇರುತ್ತದೆ. ತೆಳುವಾದ ಶಾಂಪೂ ಐದಾರು ಒತ್ತಿಗೆ ಬರಬಹುದು, ಗಟ್ಟಿಯಾದ ಕಂಡಿಷನರಿಗೆ ಹತ್ತು ಹದಿನೈದು ಬೇಕಾಗಬಹುದು. ಪ್ರತಿ ಸಲವೂ ತಲೆಯನ್ನು ತಳದವರೆಗೆ ಒತ್ತಿ, ಪೂರ್ತಿ ಮೇಲೇಳಲು ಬಿಟ್ಟು, ಆಮೇಲೆ ಮತ್ತೆ ಒತ್ತಬೇಕು. ಅವಸರದಲ್ಲಿ ಅರ್ಧಂಬರ್ಧ ಒತ್ತಿದರೆ ಅದೇ ಗಾಳಿ ಒಳಗೇ ಹಿಗ್ಗಿ ಕುಗ್ಗುತ್ತಿರುತ್ತದೆ. ಗಟ್ಟಿ ದ್ರವಕ್ಕೆ ಕೊಳವೆಯಲ್ಲಿ ಏರಲು ಹೊತ್ತು ಬೇಕು, ಆದ್ದರಿಂದ ತಲೆ ಮೇಲೆದ್ದ ಬಳಿಕ ಒಂದೆರಡು ಕ್ಷಣ ತಡೆದು ಒತ್ತುವುದು ಲೇಸು.

ಒಂದು ಒತ್ತಿಗೆ ಬರುವ ಪ್ರಮಾಣ ಪಂಪಿನಿಂದ ಪಂಪಿಗೆ ಬೇರೆ. ಸಾಧಾರಣ ಶಾಂಪೂ ಪಂಪುಗಳಲ್ಲಿ ಅದು 2 ಮಿಲಿಲೀಟರಿನ ಆಸುಪಾಸಿನಲ್ಲಿರುತ್ತದೆ, ದೊಡ್ಡ ಬಾಟಲಿಗಳ ಪಂಪುಗಳಲ್ಲಿ ಅದರ ಇಮ್ಮಡಿಯೂ ಇರಬಹುದು. ನಿಮ್ಮ ಪಂಪಿನದು ಎಷ್ಟೆಂದು ತಿಳಿಯಲು ಔಷಧದ ಅಳತೆಯ ಲೋಟಕ್ಕೆ ಹತ್ತು ಸಲ ಒತ್ತಿ, ಬಂದದ್ದನ್ನು ಹತ್ತರಿಂದ ಭಾಗಿಸಿ. ಲೋಟದಲ್ಲಿರುವುದನ್ನು ಆ ದಿನವೇ ಬಳಸಿಬಿಡಿ. ಗಿಡ್ಡ ಕೂದಲಿಗೆ ಅಷ್ಟು ಬೇಡವೆನ್ನಿಸಿದರೆ ತಲೆಗೂ ಕಾಲರಿಗೂ ನಡುವೆ ದಂಡದ ಸುತ್ತ ರಬ್ಬರ್ ಬ್ಯಾಂಡನ್ನು ನಾಲ್ಕೈದು ಸುತ್ತು ಬಿಗಿದರೆ ತಲೆಯು ಪೂರ್ತಿ ಇಳಿಯದೆ ಕಡಿಮೆ ಪ್ರಮಾಣ ಬರುತ್ತದೆ. ಮಕ್ಕಳು ಬಳಸುವ ಬಾಟಲಿಗೆ ಇದು ಬಹಳ ಉಪಯುಕ್ತ.

ಪಂಪು ಕೆಲಸ ಮಾಡದಿದ್ದಾಗ ಮೊದಲು ಲೋಟದ ಪರೀಕ್ಷೆ

ಯಾವ ತೊಂದರೆಯಾದರೂ ಸರಿ, ದೋಷ ಪಂಪಿನಲ್ಲಿದೆಯೋ ಬಾಟಲಿಯೊಳಗಿನ ದ್ರವದಲ್ಲಿದೆಯೋ ಎಂಬುದನ್ನು ಮೊದಲು ಬೇರ್ಪಡಿಸಿಕೊಳ್ಳಬೇಕು. ಇದಕ್ಕೆ ಬೇಕಾದದ್ದು ಒಂದು ಲೋಟ ಉಗುರುಬೆಚ್ಚಗಿನ ನೀರು. ಪಂಪನ್ನು ಬಾಟಲಿಯಿಂದ ಬಿಚ್ಚಿ, ಕೊಳವೆಯ ಹೊರಭಾಗಕ್ಕೆ ಅಂಟಿರುವುದನ್ನು ಬೆರಳಿನಿಂದ ಸವರಿ ಬಾಟಲಿಗೇ ಹಾಕಿ, ಕೊಳವೆಯನ್ನು ಲೋಟದೊಳಗೆ ಇಳಿಬಿಟ್ಟು ಹತ್ತು ಹದಿನೈದು ಸಲ ಪೂರ್ತಿ ಒತ್ತಿ. ನೀರು ಸರಾಗವಾಗಿ ಚಿಮ್ಮಿದರೆ ಪಂಪು ಚೆನ್ನಾಗಿದೆ, ತೊಂದರೆ ಇರುವುದು ದ್ರವದ ಗಟ್ಟಿತನದಲ್ಲಿ, ಅದರ ಮಟ್ಟದಲ್ಲಿ ಅಥವಾ ಕೊಳವೆಯ ಉದ್ದದಲ್ಲಿ. ನೀರೂ ಬರದಿದ್ದರೆ ಪಂಪಿನ ಒಳಗೇ ಏನೋ ಕಟ್ಟಿಕೊಂಡಿದೆ. ಎಷ್ಟೋ ಸಲ ಈ ಪರೀಕ್ಷೆಯೇ ಮದ್ದೂ ಆಗಿಬಿಡುತ್ತದೆ. ಮೊದಲ ಏಳೆಂಟು ಒತ್ತಿಗೆ ಏನೂ ಬಾರದೆ, ಆಮೇಲೆ ಒಣಗಿ ಬಿಳಿಯ ಹಿಟ್ಟಿನಂತಾದ ಒಂದು ಚೂರು ಹೊರಬಿದ್ದು, ಅದರ ಹಿಂದೆಯೇ ನೀರು ಧಾರೆಯಾಗಿ ಬರುವುದನ್ನು ನಾನು ಹಲವು ಬಾರಿ ಕಂಡಿದ್ದೇನೆ. ಕುದಿಯುವ ನೀರನ್ನು ಮಾತ್ರ ಬಳಸಬೇಡಿ. ಬಿಸಿಗೆ ತೆಳುವಾದ ಪ್ಲಾಸ್ಟಿಕ್ ಭಾಗಗಳು ಸೊಟ್ಟಗಾಗುತ್ತವೆ, ಪಿಸ್ಟನ್ ಅಂಚು ಒಮ್ಮೆ ಸೊಟ್ಟಗಾದರೆ ಆ ಪಂಪು ಮತ್ತೆ ಸರಿಹೋಗುವುದಿಲ್ಲ.

ತಲೆ ಆಡುತ್ತದೆ, ಆದರೆ ಏನೂ ಬರುವುದಿಲ್ಲ ಎಂಬುದು ಎಲ್ಲಕ್ಕಿಂತ ಸಾಮಾನ್ಯವಾದ ದೂರು. ಒತ್ತುವಾಗ ಯಾವ ಪ್ರತಿರೋಧವೂ ಇಲ್ಲದೆ ಹಗುರವಾಗಿ ಇಳಿಯುತ್ತಿದ್ದರೆ ಪಂಪು ಗಾಳಿಯನ್ನು ಎಳೆಯುತ್ತಿದೆ ಎಂದರ್ಥ. ಕೊಳವೆಯು ಸಿಲಿಂಡರಿನ ತಳದಿಂದ ಕಳಚಿ ಬಾಟಲಿಯೊಳಗೆ ಬಿದ್ದಿದೆಯೇ ಎಂದು ನೋಡಿ. ಬಿದ್ದಿದ್ದರೆ ಎತ್ತಿ, ಒರೆಸಿ, ಗಟ್ಟಿಯಾಗಿ ಒಳಕ್ಕೆ ಒತ್ತಿ ಸಿಕ್ಕಿಸಿ. ಕೊಳವೆಯ ಮೇಲ್ತುದಿ ಸೀಳಿದ್ದರೆ ಸೀಳಿದಷ್ಟನ್ನು ಕತ್ತರಿಸಿ ತೆಗೆದು ಮತ್ತೆ ಸಿಕ್ಕಿಸಬಹುದು, ಉದ್ದ ಸ್ವಲ್ಪ ಕಡಿಮೆಯಾಗುತ್ತದೆ ಅಷ್ಟೆ. ಕೊಳವೆ ಸರಿಯಾಗಿಯೇ ಇದ್ದರೆ ಗುಂಡು ಅಂಟಿಕೊಂಡಿರಬಹುದು. ಬಹಳ ದಿನ ಬಳಸದೆ ಇಟ್ಟ ಬಾಟಲಿಯಲ್ಲಿ ಶಾಂಪೂ ಒಣಗಿ ಗುಂಡನ್ನು ತನ್ನ ಜಾಗಕ್ಕೆ ಅಂಟಿಸಿಬಿಡುತ್ತದೆ, ಅಥವಾ ಮೇಲೆದ್ದ ಗುಂಡು ಕೆಳಗೆ ಕೂರದಂತೆ ತಡೆಯುತ್ತದೆ. ಪಂಪನ್ನು ಉಗುರುಬೆಚ್ಚಗಿನ ನೀರಿನಲ್ಲಿ ಅರ್ಧ ಗಂಟೆ ಪೂರ್ತಿ ಮುಳುಗಿಸಿಟ್ಟು, ತೆಗೆದು, ಅಂಗೈಗೆ ನಾಲ್ಕೈದು ಸಲ ಮೆಲ್ಲಗೆ ತಟ್ಟಿ, ಅಲುಗಾಡಿಸಿ ನೋಡಿ. ಟಿಕ್ ಟಿಕ್ ಸದ್ದು ಮರಳಿ ಬಂದರೆ ಗುಂಡು ಬಿಟ್ಟುಕೊಂಡಿದೆ. ಕೆಲವು ಪಂಪುಗಳಲ್ಲಿ ಗುಂಡಿನ ಬದಲು ತೆಳುವಾದ ಪ್ಲಾಸ್ಟಿಕ್ ಬಿಲ್ಲೆ ಇರುತ್ತದೆ, ಅವು ಸದ್ದು ಮಾಡುವುದಿಲ್ಲ; ಅವಕ್ಕೂ ನೆನೆಸುವ ಉಪಾಯವೇ ಸರಿ.

ತಲೆ ಕಲ್ಲಿನಂತೆ ಗಟ್ಟಿಯಾಗಿದ್ದು ಇಳಿಯುವುದೇ ಇಲ್ಲವಾದರೆ ಮೊದಲು ಬೀಗ ಬಿಚ್ಚಿದೆಯೇ ಎಂದು ಮತ್ತೊಮ್ಮೆ ನೋಡಿ. ಬಿಚ್ಚಿದ್ದರೂ ಇಳಿಯದಿದ್ದರೆ ಮೂತಿ ಕಟ್ಟಿಕೊಂಡಿದೆ. ಬಿಗಿಹಿಡಿದು ಜೋರಾಗಿ ಒತ್ತಿದರೆ ಒಣಗಿದ ತುಂಡು ಗುಂಡಿನಂತೆ ಹಾರಿ, ಅದರ ಹಿಂದೆ ಶಾಂಪೂ ಕಣ್ಣಿಗೆ ಸಿಡಿಯಬಹುದು, ಆದ್ದರಿಂದ ಮುಖವನ್ನು ಮೂತಿಯ ಎದುರಿಗೆ ಇಡಬೇಡಿ. ಮೂತಿಯ ತುದಿಯನ್ನು ಬೆಚ್ಚಗಿನ ನೀರಿನಲ್ಲಿ ಹತ್ತು ನಿಮಿಷ ಅದ್ದಿಟ್ಟು, ಹಲ್ಲುಕಡ್ಡಿಯಿಂದ ಮೆಲ್ಲಗೆ ಬಿಡಿಸಿ. ಚೂರನ್ನು ಒಳಕ್ಕೆ ತಳ್ಳದೆ ಹೊರಕ್ಕೆ ಕೆದಕುವುದು ಮುಖ್ಯ. ದ್ರವವು ನೇರವಾಗಿ ಬೀಳದೆ ಒಂದು ಪಕ್ಕಕ್ಕೆ ಚಿಮ್ಮಿ ಗೋಡೆಗೆ ಹಾರುತ್ತಿದ್ದರೆ ಅದೂ ಮೂತಿ ಅರ್ಧ ಕಟ್ಟಿಕೊಂಡಿರುವ ಲಕ್ಷಣವೇ. ಪ್ರತಿ ಸ್ನಾನದ ಕೊನೆಗೆ ಮೂತಿಯ ತುದಿಯಲ್ಲಿ ನಿಂತ ಹನಿಯನ್ನು ಬೆರಳಿನಿಂದ ಒರೆಸಿಬಿಟ್ಟರೆ ಈ ತೊಂದರೆ ಹತ್ತಿರ ಸುಳಿಯುವುದಿಲ್ಲ.

ಒತ್ತಿದ ತಲೆ ಮೇಲೇಳದೆ ಕೆಳಗೇ ಉಳಿಯುವುದಕ್ಕೆ ಕಾರಣಗಳು ಒಂದಕ್ಕಿಂತ ಹೆಚ್ಚು. ದಂಡದ ಸುತ್ತ ಕಂಡಿಷನರ್ ಒಣಗಿ ಅಂಟಾಗಿರಬಹುದು. ತಲೆಯನ್ನು ಮೇಲಕ್ಕೆಳೆದು ದಂಡವನ್ನು ಒದ್ದೆ ಬಟ್ಟೆಯಿಂದ ಒರೆಸಿ, ಕಾಲರಿನ ಅಂಚಿನಲ್ಲಿ ಎರಡು ಹನಿ ಬೆಚ್ಚಗಿನ ನೀರು ಬಿಟ್ಟು ಹಲವು ಸಲ ಒತ್ತಿ. ದ್ರವ ತೀರಾ ಗಟ್ಟಿಯಾಗಿದ್ದರೆ ಕೊಳವೆಯಲ್ಲಿ ಅದು ಏರುವಷ್ಟು ಹೊತ್ತೂ ತಲೆ ಮೇಲೇಳುವುದು ನಿಧಾನವಾಗುತ್ತದೆ. ಚಳಿಯಲ್ಲಿ ಕಂಡಿಷನರ್ ಇನ್ನಷ್ಟು ಮಂದವಾಗುವುದರಿಂದ ಬೇಸಿಗೆಯಲ್ಲಿ ಸುಲಲಿತವಾಗಿದ್ದ ಪಂಪು ಚಳಿಗಾಲದಲ್ಲಿ ತಡವರಿಸುವುದುಂಟು. ಬಾಟಲಿಯನ್ನು ಬೆಚ್ಚಗಿನ ನೀರಿನ ಪಾತ್ರೆಯಲ್ಲಿ ಕಾಲು ಗಂಟೆ ನಿಲ್ಲಿಸಿದರೆ ಹದಕ್ಕೆ ಬರುತ್ತದೆ. ಇವೆರಡೂ ಅಲ್ಲದಿದ್ದರೆ ಬಾಟಲಿಯ ಪಕ್ಕಗಳನ್ನು ನೋಡಿ. ಅವು ಒಳಕ್ಕೆ ಎಳೆದುಕೊಂಡು ಗುಳಿಬಿದ್ದಿದ್ದರೆ ಹೊರಗಿನ ಗಾಳಿ ಒಳಗೆ ಬರುವ ಸಂದಿ ಕಟ್ಟಿಕೊಂಡಿದೆ. ಕಾಲರನ್ನು ಅರ್ಧ ಸುತ್ತು ಸಡಿಲಿಸಿದ ಕೂಡಲೇ ಉಸ್ ಎಂದು ಗಾಳಿ ನುಗ್ಗಿ ಬಾಟಲಿ ತನ್ನ ಆಕಾರಕ್ಕೆ ಮರಳುತ್ತದೆ. ಆ ಬಳಿಕ ಪಂಪನ್ನು ತೆಗೆದು ಕಾಲರಿನ ಒಳಭಾಗವನ್ನೂ ದಂಡದ ಸುತ್ತಲನ್ನೂ ತೊಳೆಯಿರಿ, ಇಲ್ಲವಾದರೆ ಎರಡೇ ದಿನದಲ್ಲಿ ಮತ್ತೆ ಅದೇ ಪಾಡು. ತೊಳೆದು, ನೆನೆಸಿ, ಗಾಳಿ ಬಿಟ್ಟ ಮೇಲೂ ಬರಿದಾದ ಪಂಪಿನ ತಲೆ ಮೇಲೇಳದಿದ್ದರೆ ಸ್ಪ್ರಿಂಗು ಸೋತಿದೆ, ಅದನ್ನು ಬದಲಿಸುವುದೇ ಸರಿ.

ಕಾಲರಿನ ಸುತ್ತ ಸೋರುವುದು ಸಾಮಾನ್ಯವಾಗಿ ತಿರುಪು ಓರೆಯಾಗಿ ಕೂತಾಗ. ಬಿಚ್ಚಿ, ಬಾಟಲಿಯ ಕತ್ತನ್ನು ಒರೆಸಿ, ಕಾಲರನ್ನು ಮೊದಲು ಎಡಕ್ಕೆ ಮೆಲ್ಲಗೆ ತಿರುಗಿಸಿ. ತಿರುಪಿನ ಬಾಯಿ ಸಿಕ್ಕಾಗ ಕಾಲರ್ ಕಟ್ ಎಂದು ತುಸು ಕೆಳಕ್ಕಿಳಿದದ್ದು ಬೆರಳಿಗೆ ತಿಳಿಯುತ್ತದೆ, ಆಗ ಬಲಕ್ಕೆ ಬಿಗಿಮಾಡಿ. ಒಳಗಿನ ತೆಳುವಾದ ವಾಷರ್ ತೊಳೆಯುವಾಗ ಜಾರಿ ಬಚ್ಚಲಿಗೆ ಹೋಗಿಲ್ಲವೇ ಎಂಬುದನ್ನೂ ಗಮನಿಸಿ.

ತಳದಲ್ಲಿ ಉಳಿದದ್ದು ಬಾರದಿರುವುದು ದೋಷವಲ್ಲ, ಪಂಪಿನ ಮಿತಿ. ಕೊಳವೆಯ ತುದಿ ತಳದ ಒಂದು ಮೂಲೆಯಲ್ಲಿ ಕೂತಿರುತ್ತದೆ, ಆ ಮೂಲೆ ಯಾವುದೆಂದು ನೋಡಿಕೊಂಡು ಬಾಟಲಿಯನ್ನು ಆ ಕಡೆಗೇ ಓರೆಮಾಡಿ ಒತ್ತಿದರೆ ಇನ್ನೂ ಕೆಲವು ದಿನಕ್ಕೆ ಆಗುವಷ್ಟು ಬರುತ್ತದೆ. ಕೊಳವೆಯ ತುದಿಯನ್ನು ಓರೆಯಾಗಿ ಕತ್ತರಿಸಿರಬೇಕು. ಮಟ್ಟಸವಾಗಿದ್ದರೆ ಅದು ತಳಕ್ಕೆ ಅಂಟಿಕೊಂಡು ತನ್ನ ಬಾಯನ್ನು ತಾನೇ ಮುಚ್ಚಿಕೊಳ್ಳಬಹುದು. ಅದಾದ ಮೇಲೆ ಪಂಪನ್ನು ತೆಗೆದು, ಬಾಟಲಿಗೆ ಸಾದಾ ಮುಚ್ಚಳ ಹಾಕಿ ತಲೆಕೆಳಗಾಗಿ ನಿಲ್ಲಿಸಿ.

ನೀರು ಬೆರೆಸುವ ಮುನ್ನ

ಗಟ್ಟಿಯಾದ ಕಂಡಿಷನರಿಗೋ ತಳ ಸೇರಿದ ಶಾಂಪೂವಿಗೋ ನೀರು ಹಾಕಿ ಕುಲುಕುವ ಅಭ್ಯಾಸ ಬಹಳ ಜನರಲ್ಲಿದೆ. ಆ ದಿನವೇ ಬಳಸಿ ಮುಗಿಸುವುದಾದರೆ ಅಡ್ಡಿಯಿಲ್ಲ. ಆದರೆ ನೀರು ಹಾಕಿ ವಾರಗಟ್ಟಲೆ ಇಡುವುದು ತಪ್ಪು. ಬ್ಯಾಕ್ಟೀರಿಯಾ, ಬೂಷ್ಟು ಬೆಳೆಯದಂತೆ ತಡೆಯುವ ಸಂರಕ್ಷಕಗಳನ್ನು ತಯಾರಕರು ಆ ದ್ರವಕ್ಕೆ ಲೆಕ್ಕಹಾಕಿ ಸೇರಿಸಿರುತ್ತಾರೆ, ನಾವು ನೀರು ಬೆರೆಸಿದಾಗ ಅವುಗಳ ಬಲ ಕುಂದುತ್ತದೆ. ಬಚ್ಚಲುಮನೆಯ ಬೆಚ್ಚನೆಯ ತೇವ ಅದಕ್ಕೆ ಇನ್ನಷ್ಟು ಇಂಬು ಕೊಡುತ್ತದೆ. ನೆತ್ತಿಯಲ್ಲಿ ಗಾಯವಿರುವವರು, ಎಳೆಯ ಮಕ್ಕಳಿರುವ ಮನೆಯವರು ಇದನ್ನು ಹಗುರವಾಗಿ ಕಾಣಬಾರದು.

ನಾವು ಹಾಕದಿದ್ದರೂ ನೀರು ತಾನಾಗಿ ಸೇರುವ ದಾರಿಯೊಂದಿದೆ. ಶವರಿನ ಧಾರೆ ನೇರವಾಗಿ ಪಂಪಿನ ಮೇಲೆ ಬೀಳುತ್ತಿದ್ದರೆ ಕಾಲರಿನ ಬಟ್ಟಲಿನಂಥ ಅಂಚಿನಲ್ಲಿ ನೀರು ನಿಂತು, ಒತ್ತಿದಾಗಲೆಲ್ಲ ಗಾಳಿಯ ಜೊತೆಗೆ ಒಳಕ್ಕೆ ಇಳಿಯುತ್ತದೆ. ಬಾಟಲಿಯನ್ನು ಧಾರೆಯಿಂದ ದೂರ, ಗೋಡೆಯ ಮಗ್ಗುಲಿಗೆ ಇಡಿ. ದ್ರವದ ಬಣ್ಣ ಬದಲಾಗಿದ್ದರೆ, ಪದರಪದರವಾಗಿ ಒಡೆದಿದ್ದರೆ, ಹುಳಿ ವಾಸನೆ ಬರುತ್ತಿದ್ದರೆ ಮರುಕವಿಲ್ಲದೆ ಚೆಲ್ಲಿಬಿಡಿ. ದೊಡ್ಡ ಪೊಟ್ಟಣದಿಂದ ಮರುಪೂರಣ ಮಾಡುವವರು ಹಳೆಯದರ ಮೇಲೇ ಹೊಸದನ್ನು ಸುರಿಯದೆ, ಬಾಟಲಿಯನ್ನೂ ಪಂಪನ್ನೂ ತೊಳೆದು ಪೂರ್ತಿ ಒಣಗಿಸಿ ತುಂಬಬೇಕು. ಪಂಪು ಒಣಗಲು ಬಾಟಲಿಗಿಂತ ಹೆಚ್ಚು ಹೊತ್ತು ಬೇಕು. ಗಾಳಿಯಲ್ಲಿ ಖಾಲಿ ಪಂಪನ್ನು ಇಪ್ಪತ್ತು ಸಲ ಒತ್ತಿ ಒಳಗಿನ ನೀರನ್ನು ಹೊರಹಾಕಿ, ಕೊಳವೆ ಕೆಳಮುಖವಾಗಿರುವಂತೆ ರಾತ್ರಿಯಿಡೀ ನಿಲ್ಲಿಸಿ.

ಬೇರೆ ಬಗೆಯ ಪಂಪುಗಳು

ಕೂದಲಿನ ಸೀರಮ್ ಮತ್ತು ಕೆಲವು ಕ್ರೀಮುಗಳು ಕೊಳವೆಯೇ ಇಲ್ಲದ ಬಾಟಲಿಗಳಲ್ಲಿ ಬರುತ್ತವೆ. ಅವುಗಳಲ್ಲಿ ತಳದ ಬಿಲ್ಲೆಯೊಂದು ದ್ರವ ಕಡಿಮೆಯಾದಂತೆ ಮೇಲಕ್ಕೆ ಸರಿಯುತ್ತಾ ಬರುತ್ತದೆ, ಒಳಗೆ ಗಾಳಿ ಸೇರುವುದಿಲ್ಲ. ಬಾಟಲಿಯ ತಳದಲ್ಲಿ ಸೂಜಿಗಣ್ಣಿನಷ್ಟು ರಂಧ್ರವಿದ್ದರೆ ಅದು ಈ ಬಗೆಯದೆಂದು ತಿಳಿಯಬಹುದು. ಆ ರಂಧ್ರವನ್ನು ಬೆಲೆಚೀಟಿಯೋ ಅಂಟುಪಟ್ಟಿಯೋ ಮುಚ್ಚಿದ್ದರೆ ಬಿಲ್ಲೆ ಮೇಲೇರುವುದಿಲ್ಲ, ಪಂಪು ನಿಲ್ಲುತ್ತದೆ. ಹೊಸದರಲ್ಲಿ ಬಾರದಿದ್ದರೆ ಬಾಟಲಿಯನ್ನು ತಲೆಕೆಳಗು ಮಾಡಿ ಮಡಿಸಿದ ಬಟ್ಟೆಯ ಮೇಲೆ ಮೆಲ್ಲಗೆ ತಟ್ಟಿ, ಮತ್ತೆ ನೆಟ್ಟಗೆ ಹಿಡಿದು ಹತ್ತಾರು ಸಲ ಒತ್ತಿ. ಆಗಲೂ ಬಾರದಿದ್ದರೆ ಬಿಡಿಸಿದ ಪೇಪರ್ ಕ್ಲಿಪ್ಪಿನ ಮೊಂಡು ತುದಿಯನ್ನು ರಂಧ್ರದಲ್ಲಿ ತೂರಿಸಿ ಬಿಲ್ಲೆಯನ್ನು ಕೂದಲೆಳೆಯಷ್ಟು ಮೇಲಕ್ಕೆ ತಳ್ಳಿ. ಚುಚ್ಚಿ ತೂತು ಮಾಡದಂತೆ ಎಚ್ಚರವಿರಲಿ.

ನೊರೆ ಬರಿಸುವ ಪಂಪು ದ್ರವವನ್ನೂ ಗಾಳಿಯನ್ನೂ ಬೆರೆಸಿ ಸಣ್ಣ ಜಾಲರಿಯ ಮೂಲಕ ಹಾಯಿಸುತ್ತದೆ. ಅದರಲ್ಲಿ ತೆಳುವಾದ ದ್ರವ ಮಾತ್ರ ಹಾಕಬೇಕು; ಸಾಧಾರಣ ಶಾಂಪೂ ಸುರಿದರೆ ಜಾಲರಿ ಕಟ್ಟಿಕೊಳ್ಳುತ್ತದೆ.

ಎಣ್ಣೆಯ ಬಾಟಲಿಗಳದು ಇನ್ನೊಂದು ಬಗೆಯ ತೊಂದರೆ. ತೆಂಗಿನೆಣ್ಣೆ ಸುಮಾರು 24 ಡಿಗ್ರಿ ಸೆಲ್ಸಿಯಸ್‌ಗಿಂತ ಕೆಳಗೆ ಹೆಪ್ಪುಗಟ್ಟುವುದರಿಂದ ತಂಪಾದ ದಿನ ಪಂಪಿನೊಳಗೂ ಅದು ಗಟ್ಟಿಯಾಗಿ ಕೂರುತ್ತದೆ. ಆಗ ಒತ್ತಡ ಹಾಕದೆ ಬಾಟಲಿಯನ್ನು ಕತ್ತಿನವರೆಗೆ ಬೆಚ್ಚಗಿನ ನೀರಿನಲ್ಲಿ ನಿಲ್ಲಿಸಿ ಕರಗಲು ಬಿಡಿ. ಎಣ್ಣೆ ಮತ್ತು ಸಿಲಿಕೋನ್ ಸೀರಮ್‌ಗಳ ಪಂಪು ಬರಿಯ ನೀರಿಗೆ ಶುಚಿಯಾಗುವುದಿಲ್ಲ, ಪಾತ್ರೆ ತೊಳೆಯುವ ದ್ರವದ ಒಂದು ಹನಿ ಬೆರೆಸಿದ ನೀರನ್ನು ಹಾಯಿಸಿ, ಆಮೇಲೆ ಸಾದಾ ನೀರು ಹಾಯಿಸಿ, ಹನಿ ತೇವವೂ ಉಳಿಯದಂತೆ ಒಣಗಿಸಿ.

ಎರಡು ಎಚ್ಚರಿಕೆಗಳನ್ನು ಇಲ್ಲಿ ಹೇಳಲೇಬೇಕು. ಕೂದಲಿಗೆ ಬಣ್ಣ ಹಚ್ಚಲು ಕಲಸಿದ ಮಿಶ್ರಣವನ್ನು, ಹೈಡ್ರೋಜನ್ ಪೆರಾಕ್ಸೈಡ್ ಇರುವ ಡೆವಲಪರ್ ಬೆರೆತದ್ದನ್ನು, ಯಾವ ಪಂಪ್ ಬಾಟಲಿಗೂ ಹಾಕಿ ಮುಚ್ಚಿಡಬಾರದು; ಅದರಿಂದ ಆಮ್ಲಜನಕ ಬಿಡುಗಡೆಯಾಗುತ್ತಲೇ ಇರುವುದರಿಂದ ಒತ್ತಡ ಏರಿ ಬಾಟಲಿ ಸಿಡಿಯಬಹುದು. ಇನ್ನು ಹೇರ್ ಸ್ಪ್ರೇಯ ಲೋಹದ ಡಬ್ಬಿಗಳು ಪಂಪಲ್ಲ, ಅವುಗಳ ಒಳಗೆ ಒತ್ತಡದಲ್ಲಿ ತುಂಬಿದ ಅನಿಲವಿರುತ್ತದೆ. ಅವನ್ನು ಬಿಸಿನೀರಿನಲ್ಲಿಡುವುದಾಗಲಿ ಚುಚ್ಚುವುದಾಗಲಿ ಕೂಡದು.

ಪ್ರಯಾಣ, ಗುರುತು, ಬದಲಿ ಪಂಪು

ಪ್ರಯಾಣಕ್ಕೆ ಹೊರಡುವಾಗ ತಲೆಯನ್ನು ಪೂರ್ತಿ ಕೆಳಕ್ಕೆ ಒತ್ತಿ, ಒತ್ತಿಹಿಡಿದೇ ಬಲಕ್ಕೆ ತಿರುಗಿಸಿ ಬೀಗ ಹಾಕಿ. ಹಾರುತ್ತಿರುವ ವಿಮಾನದೊಳಗೆ ಗಾಳಿಯ ಒತ್ತಡ ನೆಲದ ಮೇಲಿರುವುದಕ್ಕಿಂತ ಕಡಿಮೆ ಇರುತ್ತದೆ, ಅಲ್ಲಿ ಬಾಟಲಿಯೊಳಗಿನ ಗಾಳಿ ಹಿಗ್ಗಿ ದ್ರವವನ್ನು ಕೊಳವೆಯ ಮೂಲಕ ಹೊರಕ್ಕೆ ತಳ್ಳುತ್ತದೆ. ಬೀಗವನ್ನೇ ನಂಬದೆ, ಪಂಪನ್ನು ತೆಗೆದು ಸಾದಾ ಮುಚ್ಚಳ ಹಾಕಿ, ಪಂಪನ್ನು ಬೇರೆ ಚೀಲದಲ್ಲಿ ಒಯ್ಯುವುದು ನನ್ನ ಪದ್ಧತಿ.

ಶಾಂಪೂ ಮತ್ತು ಕಂಡಿಷನರ್ ಒಂದೇ ಆಕಾರದ ಬಾಟಲಿಗಳಲ್ಲಿದ್ದರೆ ಕಣ್ಣು ಮುಚ್ಚಿರುವ ಹೊತ್ತಿನಲ್ಲಿ ಯಾವುದು ಯಾವುದೆಂದು ತಿಳಿಯುವುದಿಲ್ಲ, ಕಣ್ಣು ಕಾಣದವರಿಗಂತೂ ಇದು ದಿನನಿತ್ಯದ ತೊಡಕು. ಜಪಾನಿನ ಕಾವೋ ಕಂಪನಿ 1991ರಲ್ಲಿ ಶಾಂಪೂ ಬಾಟಲಿಯ ಪಕ್ಕದಲ್ಲಿ ಬೆರಳಿಗೆ ತಗಲುವ ಗೀರುಗಳನ್ನು ಮೂಡಿಸಲು ಆರಂಭಿಸಿತು; ಬೇರೆ ಕಂಪನಿಗಳೂ ಅದನ್ನೇ ಅನುಸರಿಸಿ ಅಲ್ಲಿ ಅದೊಂದು ವಾಡಿಕೆಯಾಯಿತು. ಅಂಥ ಗುರುತು ಇಲ್ಲದ ಬಾಟಲಿಗೆ ನಾವೇ ಒಂದು ರಬ್ಬರ್ ಬ್ಯಾಂಡ್ ಸುತ್ತಬಹುದು. ಶಾಂಪೂವಿಗೆ ಸುತ್ತಿ, ಕಂಡಿಷನರನ್ನು ಹಾಗೆಯೇ ಬಿಡಿ, ಮನೆಯವರಿಗೆಲ್ಲ ತಿಳಿಸಿ.

ಬದಲಿ ಪಂಪು ಹುಡುಕುವಾಗ ಮೊದಲು ಬಾಟಲಿಯ ಕತ್ತನ್ನು ಅಳೆಯಬೇಕು. ಪಂಪುಗಳನ್ನು 24/410, 28/410 ಎಂಬಂಥ ಅಂಕಿಗಳಿಂದ ಗುರುತಿಸುತ್ತಾರೆ. ಮೊದಲ ಅಂಕಿ ಕತ್ತಿನ ತಿರುಪಿನ ಹೊರಅಂಚಿನಿಂದ ಹೊರಅಂಚಿಗೆ ಇರುವ ಅಗಲ, ಮಿಲಿಮೀಟರುಗಳಲ್ಲಿ. ಎರಡನೆಯದು ತಿರುಪಿನ ಮಾದರಿಯ ಸಂಕೇತ. 400 ಎಂದರೆ ತಿರುಪು ಒಂದು ಸುತ್ತು, 410 ಎಂದರೆ ಒಂದೂವರೆ ಸುತ್ತು, 415 ಎಂದರೆ ಎರಡು ಸುತ್ತು. ಅಗಲ ಸರಿಹೊಂದಿ ಮಾದರಿ ಹೊಂದದಿದ್ದರೆ ಕಾಲರ್ ಕೂತಂತೆ ಕಂಡರೂ ಸೋರುತ್ತದೆ. ಕೊಳವೆ ಉದ್ದವಾಗಿದ್ದರೆ ಬಾಟಲಿಯ ಪಕ್ಕದಲ್ಲಿ ಹಿಡಿದು ಅಳೆದು, ತಳಕ್ಕೆ ತಾಕಿ ತುಸು ಬಾಗುವಷ್ಟು ಉಳಿಸಿ ಓರೆಯಾಗಿ ಕತ್ತರಿಸಿ; ಗಿಡ್ಡದಾಗಿದ್ದರೆ ಹಳೆಯ ಪಂಪಿನ ಕೊಳವೆ ಅದಕ್ಕೆ ಸೇರುವುದೇ ಎಂದು ನೋಡಿ. ಕೆಲಸಕ್ಕೆ ಬಾರದ ಪಂಪನ್ನು ಬಾಟಲಿಯ ಜೊತೆಗೆ ಮರುಬಳಕೆಯ ಕಸಕ್ಕೆ ಹಾಕಬೇಡಿ, ಅದರಲ್ಲಿ ಲೋಹದ ಸ್ಪ್ರಿಂಗೂ ಬೇರೆ ಬೇರೆ ಬಗೆಯ ಪ್ಲಾಸ್ಟಿಕ್ಕೂ ಬೆರೆತಿರುತ್ತವೆ. ಪಂಪನ್ನು ಬೇರ್ಪಡಿಸಿ, ತೊಳೆದ ಬಾಟಲಿಯನ್ನು ಮಾತ್ರ ಕೊಡಿ. ಬಾಟಲಿ ಮುಗಿದು ಪಂಪು ಚೆನ್ನಾಗಿದ್ದರೆ ಅದನ್ನು ತೊಳೆದು ಒಣಗಿಸಿ, ಅಳತೆಯ ಅಂಕಿಯನ್ನು ಚೀಟಿಯಲ್ಲಿ ಬರೆದು ದಂಡಕ್ಕೆ ಸುತ್ತಿ ಎತ್ತಿಡಿ.